ಒತ್ತಾವಿಯೊ ರಿನುಚ್ಚೀನಿಯ ಜಾಡಿನಲ್ಲಿ: ಫ್ಲಾರೆನ್ಸ್, ಮಾಂತೊವಾ, ವೆನಿಸ್

ಫ್ಲಾರೆನ್ಸ್, ತಲುಪಿದ ಮಧ್ಯಾಹ್ನ

ಅಕ್ಟೋಬರ್ ತಿಂಗಳ ಆರಂಭದಲ್ಲೇ ಫ್ಲಾರೆನ್ಸಿಗೆ ಹೋಗಬೇಕೆಂದು ನಾವು ನಿಶ್ಚಯಿಸಿದ್ದಕ್ಕೆ ಕಾರಣವಿತ್ತು. 1600ರ ಅಕ್ಟೋಬರ್ 6ರಂದು ಆ ಊರಿನ ಪಿತ್ತಿ ಅರಮನೆಯಲ್ಲಿ ‘ಎವುರಿದಿಚೆ’ ಎಂಬ ಒಪೆರಾ, ಎಂದರೆ ಹಾಡಿಯೇ ಆಡುವ ನಾಟಕ, ನಡೆಯಿತು. ಸಂಗೀತ ಪೂರ್ತಿಯಾಗಿ ಉಳಿದು ಬಂದಿರುವ ಒಪೆರಾಗಳಲ್ಲಿ ಅದೇ ಮೊದಲನೆಯದು. ಅದಕ್ಕೆ ರಾಗ ಹಾಕಿದ ಯಾಕೊಪೊ ಪೇರಿಯ ಬಗ್ಗೆ ಸಂಗೀತದ ಚರಿತ್ರೆಗಳು ಪುಟಗಟ್ಟಲೆ ಬರೆಯುತ್ತವೆ. ಅದರ ಮಾತುಗಳನ್ನು, ಅಂದರೆ ಲಿಬ್ರೆಟ್ಟೊವನ್ನು, ಬರೆದ ಕವಿ ಒತ್ತಾವಿಯೊ ರಿನುಚ್ಚೀನಿಗೆ ಒಂದೆರಡು ಸಾಲು ಸಿಕ್ಕರೆ ಹೆಚ್ಚು. 1562ರಲ್ಲಿ ಫ್ಲಾರೆನ್ಸಿನಲ್ಲಿ ಹುಟ್ಟಿ 1621ರಲ್ಲಿ ಅಲ್ಲಿಯೇ ತೀರಿಕೊಂಡ ಈ ಮನುಷ್ಯನ ಕೆಲಸವನ್ನು ಅವನು ಓಡಾಡಿದ ಬೀದಿಗಳಲ್ಲಿ ನಿಂತು ಯೋಚಿಸಬೇಕು ಎನ್ನುವುದು ನನ್ನ ಬಹಳ ದಿನದ ಆಸೆಯಾಗಿತ್ತು. ಕರ್ನಾಟಕ ಸಂಗೀತ ಕಲಿತು ಮಕ್ಕಳಿಗೆ ಪಾಠ ಹೇಳುವ ನನ್ನ ತಂಗಿಗೆ ಇದನ್ನು ಹೇಳಿದಾಗ, ‘ಅಣ್ಣಾ, ಸಾಹಿತ್ಯ ಬರೆದವನನ್ನು ಹುಡುಕಿಕೊಂಡು ಹೋಗುವುದಾದರೆ ನಾನೂ ಬರುತ್ತೇನೆ’ ಎಂದು ಹೊರಟೇಬಿಟ್ಟಳು.

ರೈಲಿನಿಂದ ಇಳಿದಾಗ ಮಳೆ ಬಂದು ನಿಂತಿತ್ತು. ಊರಿನ ಹಳೆಯ ಭಾಗದಲ್ಲೆಲ್ಲ ದೊಡ್ಡ ಚಪ್ಪಡಿಗಳನ್ನು ಹಾಸಿದ ಬೀದಿಗಳು. ಅವುಗಳ ಸಂದಿಗೆ ಸಿಕ್ಕಿ ತಂಗಿಯ ಪೆಟ್ಟಿಗೆಯ ಒಂದು ಚಕ್ರ ಕಳಚಿ ಚರಂಡಿಯ ಕಡೆಗೆ ಉರುಳಿಹೋಯಿತು. ಅಲ್ಲಿಂದ ಮುಂದೆ ಪ್ರವಾಸ ಮುಗಿಯುವವರೆಗೂ ಆ ಪೆಟ್ಟಿಗೆಯನ್ನು ಸರದಿಯ ಮೇಲೆ ಹೊತ್ತದ್ದಾಯಿತು. ಇಟಲಿಯ ಇಂತಹ ಊರುಗಳಿಗೆ ಹೆಗಲಿಗೆ ಹಾಕಿಕೊಳ್ಳುವ ಚೀಲವೇ ಸರಿ.

ಸಾಮಾನು ಇಳಿಸಿ ಮೊದಲು ಹೋದದ್ದು ತೊರ್ನಬುವೋನಿ ಬೀದಿಗೆ. ಈಗ ಅದು ಬೆಲೆಬಾಳುವ ಉಡುಪು, ಚೀಲ, ಆಭರಣಗಳ ಅಂಗಡಿಗಳ ಬೀದಿ. ಅಲ್ಲಿರುವ ಕೋರ್ಸಿ ಮನೆತನದ ಅರಮನೆಯಲ್ಲಿ 1598ರ ಕಾರ್ನಿವಲ್ ದಿನಗಳಲ್ಲಿ, ಎಂದರೆ ಕ್ರೈಸ್ತರ ಉಪವಾಸದ ಕಾಲಕ್ಕೆ ಮೊದಲು ಬರುವ ಹಬ್ಬದಲ್ಲಿ, ‘ದಾಫ್ನೆ’ ಎಂಬ ಆಟ ನಡೆಯಿತು. ಮೊದಲಿನಿಂದ ಕೊನೆಯವರೆಗೆ ಪ್ರತಿ ಮಾತನ್ನೂ ಹಾಡಿಯೇ ಹೇಳುವ ನಾಟಕ ಯುರೋಪಿನಲ್ಲಿ ಶುರುವಾದದ್ದು ಇಲ್ಲಿಂದ ಎಂದು ಸಾಮಾನ್ಯವಾಗಿ ಒಪ್ಪಲಾಗಿದೆ. ಮನೆಯೊಡೆಯ ಯಾಕೊಪೊ ಕೋರ್ಸಿ ಶ್ರೀಮಂತ, ಸ್ವತಃ ಸಂಗೀತ ಬಲ್ಲವನು. ಅವನೂ ಪೇರಿಯೂ ಕೂಡಿ ರಾಗ ಹಾಕಿದರು, ಮಾತು ರಿನುಚ್ಚೀನಿಯದು. ನನ್ನನ್ನು ಈ ಪ್ರವಾಸಕ್ಕೆ ಎಳೆದ ಸಂಗತಿಯೂ ಇಲ್ಲಿಯೇ ಇದೆ: ಆ ‘ದಾಫ್ನೆ’ಯ ಸಂಗೀತದಲ್ಲಿ ಉಳಿದಿರುವುದು ಆರು ತುಣುಕುಗಳು ಮಾತ್ರ, ಅವುಗಳಲ್ಲಿ ಎರಡು ಕೋರ್ಸಿಯವು. ಆದರೆ ರಿನುಚ್ಚೀನಿಯ ಸುಮಾರು 450 ಸಾಲುಗಳ ಪಠ್ಯ ಅಚ್ಚಾಗಿ ಹಾಗೆಯೇ ಉಳಿದಿದೆ. ಮೊದಲ ಒಪೆರಾ ಹೇಗಿತ್ತೆಂದು ಇಂದು ನಮಗೆ ಗೊತ್ತಿರುವುದೆಲ್ಲ ಬಹುಮಟ್ಟಿಗೆ ಕವಿಯ ಕಡೆಯಿಂದ ಗೊತ್ತಿರುವುದೇ.

ಎದುರಿನ ಪಾದಚಾರಿ ದಾರಿಯಲ್ಲಿ ನಿಂತು ಆ ಕಟ್ಟಡದ ಕಿಟಕಿಗಳನ್ನು ನೋಡುತ್ತಿದ್ದ ನಮ್ಮನ್ನು ಕಂಡು, ಪಕ್ಕದ ಅಂಗಡಿಯ ಬಾಗಿಲಲ್ಲಿ ಕರಿಯ ಸೂಟು ತೊಟ್ಟು ನಿಂತಿದ್ದ ಕಾವಲುಗಾರ ಏನು ಹುಡುಕುತ್ತಿದ್ದೀರೆಂದು ಕೇಳಿದ. ಹೇಳಿದೆವು. ಪೇರಿಯ ಹೆಸರು ಅವನಿಗೆ ಗೊತ್ತಿರಲಿಲ್ಲ, ರಿನುಚ್ಚೀನಿಯ ಹೆಸರು ಗೊತ್ತಿತ್ತು. ‘ಸಾಂತಾ ಕ್ರೋಚೆ ಇಗರ್ಜಿಗೆ ಹೋಗಿ, ಅವರ ಮನೆತನದ ಪೂಜಾಮಂದಿರ ಅಲ್ಲಿದೆ, ನನ್ನ ಮದುವೆಯಾದದ್ದು ಅದೇ ಇಗರ್ಜಿಯಲ್ಲಿ’ ಎಂದ. ಮಾರನೆಯ ದಿನದ ದಾರಿ ಹಾಗೆ ತೀರ್ಮಾನವಾಯಿತು.

ಫ್ಲಾರೆನ್ಸ್, ಸಾಂತಾ ಕ್ರೋಚೆಯ ಸುತ್ತಮುತ್ತ

ಬೆಳಿಗ್ಗೆ ಬಾಗಿಲು ತೆರೆಯುವ ಹೊತ್ತಿಗೇ ಹೋದದ್ದರಿಂದ ಸಾಂತಾ ಕ್ರೋಚೆಯಲ್ಲಿ ಜನವಿರಲಿಲ್ಲ. ಮಧ್ಯಾಹ್ನದ ಮೇಲಾದರೆ ಇಲ್ಲಿ ಸಾಲು ಚೌಕದವರೆಗೂ ಬೆಳೆಯುತ್ತದೆ. ಗೆಲಿಲಿಯೊ, ಮೈಕೆಲೇಂಜೆಲೊ ಇವರ ಸಮಾಧಿಗಳನ್ನು ದಾಟಿ, ಬಲಗಡೆಯ ಓಣಿಯಿಂದ ಅರ್ಚಕರು ವಸ್ತ್ರ ಧರಿಸುವ ಕೋಣೆಗೆ ಹೋದರೆ ಅದರ ಆಚೆಗೆ ಕಬ್ಬಿಣದ ಜಾಲರಿಯ ಹಿಂದೆ ರಿನುಚ್ಚೀನಿ ಮನೆತನದ ಪುಟ್ಟ ಮಂದಿರವಿದೆ. 1365ರ ಸುಮಾರಿಗೆ ಜೊವಾನ್ನಿ ದಾ ಮಿಲಾನೊ ಬರೆದ ಭಿತ್ತಿಚಿತ್ರಗಳು ಅದರ ಗೋಡೆಗಳ ಮೇಲಿವೆ. ಒಂದು ಕಡೆ ಮೇರಿಯ ಬದುಕು, ಇನ್ನೊಂದು ಕಡೆ ಮಗ್ದಲದ ಮರಿಯಳ ಬದುಕು. ಕವಿ ಹುಟ್ಟುವ ಇನ್ನೂರು ವರ್ಷ ಮೊದಲೇ ಇಷ್ಟು ಖರ್ಚು ಮಾಡಿ ಮಂದಿರ ಕಟ್ಟಿಸಬಲ್ಲ ಮನೆತನ ಅದು. ರಿನುಚ್ಚೀನಿ ಹೊಟ್ಟೆಪಾಡಿಗಾಗಿ ಬರೆದವನಲ್ಲ ಎನ್ನುವುದನ್ನು ನೆನಪಿಡಬೇಕು. ಆಸ್ಥಾನದ ಗಣ್ಯರ ಪೈಕಿ ಒಬ್ಬನಾಗಿದ್ದರಿಂದಲೇ ರಾಗ ಹಾಕುವವರ ಮುಂದೆ ಅವನ ಮಾತಿಗೆ ತೂಕವಿತ್ತು.

ಅಲ್ಲಿ ಧೂಳೊರೆಸುತ್ತಿದ್ದ ವಯಸ್ಸಾದ ಹೆಂಗಸೊಬ್ಬರು ನಮ್ಮ ಆಸಕ್ತಿ ಕಂಡು ಜಾಲರಿಯ ಎಡಮೂಲೆಗೆ ಕರೆದು, ‘ಇಲ್ಲಿಂದ ನೋಡಿ, ಕಿಟಕಿಯ ಬೆಳಕು ಈಗ ಮರಿಯಳ ಕೂದಲಿನ ಮೇಲೆ ಬೀಳುತ್ತದೆ’ ಎಂದು ತೋರಿಸಿದರು. ನನ್ನ ಅರೆಬರೆ ಇಟಾಲಿಯನ್ನಿಗೆ ಅವರು ತೋರಿಸಿದ ತಾಳ್ಮೆಯನ್ನು ಮರೆಯಲಾರೆ. ಕವಿಯ ವಿಷಯ ಕೇಳಿದಾಗ, ಶಾಲೆಯಲ್ಲಿ ಅವನ ಒಂದು ಪದ್ಯ ಬಾಯಿಪಾಠ ಮಾಡಿಸಿದ್ದರೆಂದೂ, ಮೊದಲ ಸಾಲು ಮಾತ್ರ ನೆನಪಿದೆಯೆಂದೂ ಹೇಳಿ, ‘ಜೆಫಿರೊ ತೋರ್ನಾ’ ಎಂದು ಶುರುಮಾಡಿ ನಿಲ್ಲಿಸಿದರು. ತೆಂಕಣ ಗಾಳಿ ನಮಗೆ ಹೇಗೋ ಹಾಗೆ ಅವರಿಗೆ ವಸಂತ ತರುವ ಪಡುವಣ ಗಾಳಿಯ ಮೇಲಿನ ಸಾನೆಟ್ ಅದು; ಕ್ಲಾವ್ದಿಯೊ ಮೊಂತೆವೆರ್ದಿ ಅದನ್ನು ಇಬ್ಬರು ಹಾಡುವಂತೆ ಸಂಯೋಜಿಸಿ 1632ರಲ್ಲಿ ಅಚ್ಚು ಹಾಕಿಸಿದ.

ಇಗರ್ಜಿಯ ಹೊರಗೆ ಬಂದು ನದಿಯ ಕಡೆಗೆ ಬೆಂಚಿ ಬೀದಿಯಲ್ಲಿ ನಡೆದರೆ ಬಾರ್ದಿ ಅರಮನೆ. ಜೊವಾನ್ನಿ ದೆ ಬಾರ್ದಿ ಎಂಬ ಕೌಂಟನ ಸುತ್ತ 1570, 80ರ ದಶಕಗಳಲ್ಲಿ ಸೇರುತ್ತಿದ್ದ ಪಂಡಿತರ, ಗಾಯಕರ ಗೋಷ್ಠಿಯನ್ನು ಚರಿತ್ರೆಕಾರರು ಕಾಮೆರಾತಾ ಎಂದು ಕರೆಯುತ್ತಾರೆ. ಗೆಲಿಲಿಯೊನ ತಂದೆ ವಿನ್ಚೆಂಜೊ ಗೆಲಿಲಿ ಅದರಲ್ಲಿ ಮುಖ್ಯನಾದವನು. ಪ್ರಾಚೀನ ಗ್ರೀಕರ ದುರಂತ ನಾಟಕಗಳನ್ನು ಹಾಡಿಯೇ ಆಡುತ್ತಿದ್ದರೋ, ಹಾಗಿದ್ದರೆ ಆ ಹಾಡುಗಾರಿಕೆ ಎಂತಹದಿತ್ತು ಎಂಬ ಚರ್ಚೆ ಅಲ್ಲಿ ನಡೆಯುತ್ತಿತ್ತು. ಐದಾರು ದನಿಗಳು ಏಕಕಾಲಕ್ಕೆ ಬೇರೆ ಬೇರೆ ಮಾತು ಹಾಡುವ ಆಗಿನ ರೂಢಿಯಿಂದ ಪದ್ಯದ ಅರ್ಥವೇ ಕಿವಿಗೆ ಬೀಳುವುದಿಲ್ಲ ಎಂದು 1581ರಲ್ಲಿ ವಿನ್ಚೆಂಜೊ ಪುಸ್ತಕ ಬರೆದು ಆಕ್ಷೇಪಿಸಿದ. ಬಾರ್ದಿ 1592ರಲ್ಲಿ ರೋಮಿಗೆ ಹೋದ ಮೇಲೆ ಈ ಪ್ರಯೋಗಗಳ ಬೆಂಬಲಕ್ಕೆ ಕೋರ್ಸಿ ನಿಂತ. ಅಷ್ಟು ಹೊತ್ತಿಗೆ ರಿನುಚ್ಚೀನಿಗೆ ರಂಗದ ಅನುಭವ ಸಾಕಷ್ಟಾಗಿತ್ತು. 1589ರಲ್ಲಿ ಫ್ಲಾರೆನ್ಸನ್ನು ಆಳುತ್ತಿದ್ದ ಫೆರ್ದಿನಾಂದೊ ಮೆದಿಚಿಯ ಮದುವೆಗೆ ಉಫೀತ್ಸಿ ಕಟ್ಟಡದೊಳಗಿನ ರಂಗಮಂದಿರದಲ್ಲಿ ನಾಟಕದ ಅಂಕಗಳ ನಡುವೆ ಆಡಿದ ಅದ್ದೂರಿ ಹಾಡುಕುಣಿತಗಳ ಪಠ್ಯದಲ್ಲಿ ಹೆಚ್ಚಿನ ಪಾಲು ಅವನದೇ. ಅವುಗಳಲ್ಲಿ ಮೂರನೆಯದು, ಅಪೊಲೊ ದೇವ ಪೈಥಾನ್ ಎಂಬ ಸರ್ಪವನ್ನು ಕೊಲ್ಲುವ ದೃಶ್ಯ. ಅದೇ ಕಾಳಗದಿಂದ ಮುಂದೆ ‘ದಾಫ್ನೆ’ ಶುರುವಾಗುತ್ತದೆ.

ಉಫೀತ್ಸಿಯಲ್ಲಿ ಚಿತ್ರಗಳಿಗಾಗಿ ಜನ ಮೇಲಿನ ಮಹಡಿಗೆ ನೇರವಾಗಿ ಹತ್ತಿಹೋಗುತ್ತಾರೆ. ಆ ಹಳೆಯ ರಂಗಮಂದಿರವಿದ್ದ ಜಾಗ ನಡುವೆ ಸಿಗುವ ಮಹಡಿಯಲ್ಲಿದೆ. ಈಗ ಅಲ್ಲಿ ರೇಖಾಚಿತ್ರಗಳ ಮತ್ತು ಮುದ್ರಿತ ಚಿತ್ರಗಳ ವಿಭಾಗವಿದೆ. ಮೆಟ್ಟಿಲಲ್ಲಿ ಕ್ಷಣ ನಿಂತು ಆ ಬಾಗಿಲನ್ನು ನೋಡಿದರೆ ಸಾಕು, ಅದಕ್ಕೆ ಬೇರೆ ಟಿಕೆಟ್ಟು ಬೇಕಿಲ್ಲ.

ರಾತ್ರಿ ಊಟಕ್ಕೆ ರಿಬೊಲ್ಲಿತಾ ತಿಂದೆವು. ಹಳೆಯ ಬ್ರೆಡ್ಡು, ಬಿಳಿ ಅವರೆಯಂತಹ ಕಾಳು, ಕಪ್ಪು ಎಲೆಕೋಸು ಹಾಕಿ ಮತ್ತೆ ಕುದಿಸಿದ ಗಟ್ಟಿ ಸಾರು ಅದು. ಮಾಂಸವಿಲ್ಲದೆ ಮಾಡಿದ್ದಾರೆಯೇ ಎಂದು ಕೇಳಿಕೊಳ್ಳಬೇಕು. ಈ ಸೀಮೆಯ ಬ್ರೆಡ್ಡಿಗೆ ಉಪ್ಪು ಹಾಕುವುದಿಲ್ಲ. ಗಡೀಪಾರಾದ ದಾಂತೆ, ಪರರ ಬ್ರೆಡ್ಡು ಎಷ್ಟು ಉಪ್ಪೆಂದು ನಿನಗೇ ತಿಳಿಯುತ್ತದೆ ಎಂದು ತನ್ನ ಮಹಾಕಾವ್ಯದಲ್ಲಿ ಬರೆದ ಮಾತು ಸಪ್ಪೆ ಬ್ರೆಡ್ಡನ್ನು ಅಗಿಯುವಾಗ ಹೊಸದಾಗಿ ಅರ್ಥವಾಯಿತು.

ಫ್ಲಾರೆನ್ಸ್, ಪಿತ್ತಿ ಅರಮನೆ

ದಾಂತೆಯ ಹೆಸರು ಮರುದಿನವೂ ನಮ್ಮ ಜೊತೆಗೆ ಬಂತು. ಪಿತ್ತಿ ಅರಮನೆಗೆ ಹಳೆಯ ಸೇತುವೆಯಾದ ಪೊಂತೆ ವೆಕ್ಕಿಯೊ ದಾಟಿ ಹೋಗಬೇಕು. ಸೋಮವಾರ ಅರಮನೆ ಮುಚ್ಚಿರುತ್ತದಾದ್ದರಿಂದ ದಿನ ನೋಡಿಕೊಂಡೇ ಬಂದಿದ್ದೆವು. ಇಂದು ಚೌಕದ ಉದ್ದಕ್ಕೂ ಕೋಟೆಯಂತೆ ಚಾಚಿರುವ ಈ ಕಟ್ಟಡ 1600ರಲ್ಲಿ ನಡುವಿನ ಏಳು ಕಿಟಕಿಗಳ ಅಗಲದಷ್ಟೇ ಇತ್ತು. ಎರಡೂ ಪಕ್ಕದ ಭಾಗಗಳು ಆಮೇಲೆ ಸೇರಿದವು. ಇಳಿಜಾರಿನ ಚೌಕದ ಮೇಲೆ ಕುಳಿತು ಬೆರಳಿನಿಂದ ಕಿಟಕಿಗಳನ್ನು ಎಣಿಸಿ, ಉಳಿದದ್ದನ್ನು ಮನಸ್ಸಿನಲ್ಲೇ ಅಳಿಸಿ ನೋಡಿದೆವು.

1600ರ ಅಕ್ಟೋಬರ್ 5ರಂದು ಮರಿಯಾ ಮೆದಿಚಿಗೂ ಫ್ರಾನ್ಸಿನ ರಾಜ ನಾಲ್ಕನೆಯ ಆನ್ರಿಗೂ ಮದುವೆಯಾಯಿತು. ವರ ಬಂದಿರಲಿಲ್ಲ, ಅವನ ಪರವಾಗಿ ಬೇರೊಬ್ಬರು ನಿಂತು ನಡೆದ ಮದುವೆ. ಮರುದಿನ ಸಂಜೆ ಈ ಅರಮನೆಯಲ್ಲಿ ದೊನ್ ಅಂತೋನಿಯೊ ಮೆದಿಚಿಯ ಕೋಣೆಗಳಲ್ಲಿ ಇನ್ನೂರರಷ್ಟು ಅತಿಥಿಗಳ ಮುಂದೆ ಕೋರ್ಸಿಯ ಉಡುಗೊರೆಯಾಗಿ ‘ಎವುರಿದಿಚೆ’ ನಡೆಯಿತು. ಪೇರಿ ಸ್ವತಃ ಓರ್ಫೆಯೊನ ಪಾತ್ರ ಹಾಡಿದ, ಕೋರ್ಸಿ ತೆರೆಯ ಹಿಂದೆ ಹಾರ್ಪ್ಸಿಕಾರ್ಡ್ ಎಂಬ ಮನೆಗಳುಳ್ಳ ತಂತಿವಾದ್ಯ ನುಡಿಸಿದ. ಆ ಮದುವೆಯ ಮುಖ್ಯ ಆಟ ಅದಾಗಿರಲಿಲ್ಲ. ಮೂರು ದಿನದ ಬಳಿಕ ಉಫೀತ್ಸಿಯಲ್ಲಿ ಸಾವಿರಾರು ಜನರ ಮುಂದೆ ಬೇರೊಂದು ಭಾರಿ ಆಟ ನಡೆಯಿತು. ಅದನ್ನು ಇಂದು ನೆನೆಯುವವರು ಕಡಿಮೆ.

ಕಥೆ ಎಲ್ಲರಿಗೂ ಗೊತ್ತಿದ್ದದ್ದೇ. ಹಾವು ಕಚ್ಚಿ ಸತ್ತ ಹೆಂಡತಿ ಎವುರಿದಿಚೆಯನ್ನು ಗಾಯಕ ಓರ್ಫೆಯೊ ಹಾಡಿನ ಬಲದಿಂದ ಪಾತಾಳದಿಂದ ತರುತ್ತಾನೆ. ಹಿಂದಿರುಗಿ ನೋಡಬಾರದೆಂಬ ಷರತ್ತು ಮುರಿದು ಅವಳನ್ನು ಮತ್ತೆ ಕಳೆದುಕೊಳ್ಳುತ್ತಾನೆ. ಮದುವೆಮನೆಯಲ್ಲಿ ಈ ಕಥೆ ಆಡಿಸುವ ಇಕ್ಕಟ್ಟನ್ನು ರಿನುಚ್ಚೀನಿ ಬಿಡಿಸಿದ ರೀತಿ ನೇರವಾದದ್ದು. ಷರತ್ತನ್ನೇ ತೆಗೆದುಹಾಕಿದ. ಅವನ ಓರ್ಫೆಯೊ ಪಾತಾಳದ ದೊರೆಯ ಮನಸ್ಸನ್ನು ಕರಗಿಸಿ, ಹೆಂಡತಿಯ ಕೈ ಹಿಡಿದು ಬೆಳಕಿಗೆ ಬರುತ್ತಾನೆ; ಕುಣಿತದೊಂದಿಗೆ ಆಟ ಮುಗಿಯುತ್ತದೆ. ಅಚ್ಚಾದ ಪಠ್ಯವನ್ನು ಮದುಮಗಳಿಗೆ ಅರ್ಪಿಸುತ್ತಾ ಅವನು ಇದಕ್ಕೆ ಸಮಾಧಾನವನ್ನೂ ಬರೆದಿದ್ದಾನೆ: ಇಷ್ಟು ಸಂತೋಷದ ಕಾಲಕ್ಕೆ ಇದೇ ತಕ್ಕದ್ದೆಂದು ತೋರಿತು, ಗ್ರೀಕ್ ಕವಿಗಳು ಬೇರೆ ಕಥೆಗಳಲ್ಲಿ ಹೀಗೆ ಮಾಡಿದ್ದಾರೆ, ಹೋಮರ್ ಬೇರೆ ಹೇಳಿದ್ದರೂ ನಮ್ಮ ದಾಂತೆ ‘ಒಡಿಸ್ಸಿ’ಯ ನಾಯಕ ಉಲಿಸ್ಸೆಯನ್ನು ಸಮುದ್ರದಲ್ಲಿ ಮುಳುಗಿಸುವ ಧೈರ್ಯ ಮಾಡಲಿಲ್ಲವೇ ಎಂದು. ಇದನ್ನು ಬರೀ ಆಸ್ಥಾನದ ಓಲೈಕೆ ಎಂದು ತಳ್ಳಿಹಾಕುವವರನ್ನು ನಾನು ಒಪ್ಪುವುದಿಲ್ಲ. ಷರತ್ತು ಹೋದ ಮೇಲೆ ಆಟದ ಭಾರವೆಲ್ಲ ಓರ್ಫೆಯೊ ಪಾತಾಳದಲ್ಲಿ ಹಾಡುವ ಪ್ರಲಾಪದ ಮೇಲೆ ಬೀಳುತ್ತದೆ. ಹಾಡಿನಿಂದ ಸಾವಿನ ಮನಸ್ಸೂ ಬದಲಾಗುತ್ತದೆ ಎನ್ನುವುದನ್ನು ಆ ಒಂದು ಜಾಗದಲ್ಲಿ ಕೇಳುಗ ನಂಬಬೇಕು. ಹೊಸ ಕಲೆಯೊಂದನ್ನು ಮುಂದಿಡುವ ಕವಿಗೆ ಅದಕ್ಕಿಂತ ದೊಡ್ಡ ಪಂಥ ಬೇರೆ ಇರಲಾರದು.

ತಂಗಿಗೆ ಛಂದಸ್ಸಿನ ವಿಷಯ ತಿಳಿಯಬೇಕಿತ್ತು. ಅರಮನೆಯ ಹಿಂದಿನ ಬೊಬೊಲಿ ತೋಟದ ಏರು ಹತ್ತಿ, ಊರಿನ ಕೆಂಪು ಹೆಂಚುಗಳು ಕಾಣುವಲ್ಲಿ ಕುಳಿತು ಮೊಬೈಲಿನಲ್ಲಿದ್ದ ಪಠ್ಯ ತೆಗೆದೆ. ಸುಮಾರು 800 ಸಾಲು. ಪಾತ್ರಗಳು ಮಾತಾಡುವ ಕಡೆಗಳಲ್ಲಿ ಹನ್ನೊಂದು ಅಕ್ಷರದ ಸಾಲೂ ಏಳು ಅಕ್ಷರದ ಸಾಲೂ ಗೊತ್ತಾದ ಕ್ರಮವಿಲ್ಲದೆ ಬೆರೆತು ಬರುತ್ತವೆ. ಪ್ರಾಸ ಭಾವ ಕೇಳಿದಲ್ಲಿ ಬರುತ್ತದೆ, ಕೇಳದಲ್ಲಿ ಇಲ್ಲ. ಮೇಳದ ಹಾಡುಗಳಿಗೆ ಮಾತ್ರ ಅಚ್ಚುಕಟ್ಟಾದ ನುಡಿಗಳ ಕಟ್ಟು. ಮಾತಿಗೂ ಹಾಡಿಗೂ ನಡುವಿನ ಒಂದು ನಡೆಯನ್ನು ತಾನು ಹುಡುಕಿದೆನೆಂದು ಪೇರಿ ತನ್ನ ಮುನ್ನುಡಿಯಲ್ಲಿ ಹೇಳುತ್ತಾನೆ. ಆ ನಡೆ ಸಾಧ್ಯವಾದದ್ದು ಇಂತಹ ಸಾಲುಗಳಿಂದ. ಎಲ್ಲಿ ಉಸಿರು, ಎಲ್ಲಿ ತಡೆ, ಯಾವ ಪದದ ಮೇಲೆ ಒತ್ತು ಎಂಬುದನ್ನು ಕವಿ ಮೊದಲೇ ಸಾಲಿನಲ್ಲಿ ಇಟ್ಟಿರುತ್ತಾನೆ. ಇದಕ್ಕೆ ಪುರಾವೆಯೂ ಇದೆ. ಜೂಲಿಯೊ ಕಚ್ಚೀನಿ ಎಂಬ ಇನ್ನೊಬ್ಬ ಗಾಯಕ ಇದೇ ಪಠ್ಯಕ್ಕೆ ತಾನೂ ರಾಗ ಹಾಕಿ, ಪೇರಿಗಿಂತ ಕೆಲವು ವಾರ ಮೊದಲೇ ಅಚ್ಚು ಹಾಕಿಸಿದ. ಇಬ್ಬರಿಗೂ ಪೈಪೋಟಿಯಿತ್ತು, ಸ್ವರಗಳು ಬೇರೆ. ಆದರೆ ಎಷ್ಟೋ ಕಡೆ ಇಬ್ಬರೂ ನಿಲ್ಲುವುದು ಒಂದೇ ಪದದ ಮೇಲೆ. ತಂಗಿ ಎರಡನ್ನೂ ಕಿವಿಗೆ ಹಾಕಿಕೊಂಡು ಬಹಳ ಹೊತ್ತು ಕೇಳಿ, ‘ತಾಳ ಹಾಕಿದವನು ಕವಿಯೇ ಅಣ್ಣಾ’ ಎಂದಳು.

ಇಳಿಯುವಾಗ ಮಳೆ ಹಿಡಿದುಕೊಂಡಿತು. ಸಾಂತೊ ಸ್ಪಿರಿತೊ ಬೀದಿಯಲ್ಲಿರುವ ರಿನುಚ್ಚೀನಿ ಮನೆತನದ ಅರಮನೆಯ ಬಾಗಿಲ ಕೆಳಗೆ ನಿಂತೆವು. ಅಲ್ಲಿ ಈಗ ಶಾಲೆ ನಡೆಯುತ್ತದೆ. ಚೀಲಗಳನ್ನು ತಲೆಯ ಮೇಲೆ ಹಿಡಿದು ಹುಡುಗ ಹುಡುಗಿಯರು ಓಡಿ ಬಂದು ನಮ್ಮ ಪಕ್ಕದಲ್ಲಿ ಒತ್ತೊತ್ತಾಗಿ ನಿಂತರು; ಒಬ್ಬಳು ತನ್ನ ಕೊಡೆಯ ಅರ್ಧವನ್ನು ತಂಗಿಯ ಮೇಲೆ ಹಿಡಿದು, ಭಾರತದಲ್ಲೂ ಹೀಗೆ ಮಳೆಯೇ ಎಂದು ಕೇಳಿದಳು.

ಮಾಂತೊವಾಕ್ಕೆ ಹೋಗುವ ದಾರಿ

ಫ್ಲಾರೆನ್ಸಿನಿಂದ ಮಾಂತೊವಾಕ್ಕೆ ನೇರ ದಾರಿಯಿಲ್ಲ. ಬೊಲೊನ್ಯಾದವರೆಗೆ ಬೆಟ್ಟದೊಳಗಿನ ಸುರಂಗಗಳಲ್ಲೇ ಪ್ರಯಾಣ, ಮೊದೆನಾದಲ್ಲಿ ಸಣ್ಣ ರೈಲಿಗೆ ಬದಲಾವಣೆ. ಮೊದಲ ರೈಲು ತಡವಾಗಿ ಮೊದೆನಾದ ರೈಲು ತಪ್ಪಿತು. ಮುಂದಿನದಕ್ಕೆ ಕಾಯುವಾಗ ಬೆಂಚಿನ ಮೇಲೆ ಜೊತೆಯಾದ ಮುದುಕರೊಬ್ಬರು, ಕಾಗದದ ಟಿಕೆಟ್ಟಾದರೆ ಹತ್ತುವ ಮೊದಲು ಯಂತ್ರದಲ್ಲಿ ಮುದ್ರೆ ಒತ್ತಿಸಿಕೊಳ್ಳಬೇಕೆಂದು ನೆನಪಿಸಿ, ತಾವೇ ಎದ್ದು ನಮ್ಮವನ್ನು ಒತ್ತಿಸಿ ತಂದರು. ಅವರು ಸುತ್ಸಾರಾದ ರೈತರು. ಕಾರ್ಪಿ ದಾಟಿದ ಮೇಲೆ ಎರಡೂ ಕಡೆ ಸಮತಟ್ಟಾದ ಹೊಲ, ಪೇರಳೆ ತೋಟ, ನೀರಿನ ಕಾಲುವೆ. ಮಧ್ಯಾಹ್ನವಾದರೂ ಮಂಜು ಬಿಟ್ಟಿರಲಿಲ್ಲ. ಪೋ ನದಿಯ ಸೇತುವೆ ಬಂದಾಗ ನದಿ ಕಾಣದೆ ಬಿಳಿಯ ಆವಿಯಷ್ಟೇ ಕಂಡಿತು.

ರಿನುಚ್ಚೀನಿ 1607ರ ಕೊನೆಯ ಹೊತ್ತಿಗೆ ಮಾಂತೊವಾಕ್ಕೆ ಬಂದ. ಅಲ್ಲಿನ ಡ್ಯೂಕ್ ವಿನ್ಚೆಂಜೊ ಗೊಂಜಾಗಾನ ಮಗ ಫ್ರಾಂಚೆಸ್ಕೊಗೂ ಸವೋಯ್ ರಾಜಕುಮಾರಿ ಮಾರ್ಗೆರೀತಾಗೂ ಮದುವೆ ನಿಶ್ಚಯವಾಗಿತ್ತು. ಅದಕ್ಕಾಗಿ ಹೊಸ ಆಟ ಬೇಕಿತ್ತು. ಸಂಗೀತಕ್ಕೆ ಆಸ್ಥಾನದಲ್ಲೇ ಮೊಂತೆವೆರ್ದಿ ಇದ್ದ. ಆ ವರ್ಷದ ಫೆಬ್ರುವರಿಯಲ್ಲಿ ಅಲೆಸ್ಸಾಂದ್ರೊ ಸ್ತ್ರಿಜ್ಜೊನ ಪಠ್ಯಕ್ಕೆ ಅವನು ಮಾಡಿದ ‘ಓರ್ಫೆಯೊ’ ಅಲ್ಲಿಯೇ ನಡೆದಿತ್ತು. ಸೆಪ್ಟೆಂಬರಿನಲ್ಲಿ ಅವನ ಹೆಂಡತಿ ಕ್ಲಾವ್ದಿಯಾ ತೀರಿಕೊಂಡಿದ್ದಳು. ಆ ದುಃಖದ ನಡುವೆಯೇ ಅವನಿಗೆ ಕೆಲಸದ ಕರೆ ಬಂತು.

ಸಂಜೆ ಊಟಕ್ಕೆ ಕುಂಬಳಕಾಯಿ ತುಂಬಿದ ತೊರ್ತೆಲ್ಲಿ. ಕುಂಬಳದ ತಿರುಳಿಗೆ ಬಾದಾಮಿಯ ಬಿಸ್ಕತ್ತಿನ ಪುಡಿ, ಸಾಸಿವೆ ಖಾರದ ಹಣ್ಣಿನ ಪಾಕ ಬೆರೆಸಿ, ಹಿಟ್ಟಿನ ಹಾಳೆಯಲ್ಲಿ ಮಡಿಸಿ ಬೇಯಿಸಿ ಬೆಣ್ಣೆ ಹಾಕಿ ಕೊಡುತ್ತಾರೆ. ಸಿಹಿ, ಖಾರ, ಉಪ್ಪು ಮೂರೂ ಒಂದೇ ತುತ್ತಿನಲ್ಲಿ ಬರುವ ಈ ತಿನಿಸಿಗೆ ಶರತ್ಕಾಲವೇ ಒಳ್ಳೆಯದು, ಆಗ ಹೊಸ ಕುಂಬಳ ಬಂದಿರುತ್ತದೆ. ಹಿಟ್ಟಿಗೆ ಮೊಟ್ಟೆ ಹಾಕಿರುತ್ತಾರೆ ಎನ್ನುವುದು ಸಸ್ಯಾಹಾರಿಗಳಿಗೆ ತಿಳಿದಿರಲಿ. ಹೋಟೆಲಿನ ಯಜಮಾನತಿ, ತನ್ನ ಅಜ್ಜಿ ಇದನ್ನು ಕ್ರಿಸ್‌ಮಸ್ ಹಿಂದಿನ ರಾತ್ರಿ ಮಾತ್ರ ಮಾಡುತ್ತಿದ್ದರೆಂದು ಹೇಳಿ ಇನ್ನೊಂದು ಸೌಟು ಬಡಿಸಿದಳು.

ಮಾಂತೊವಾ, ಡ್ಯೂಕನ ಅರಮನೆ

ಐನೂರು ಕೋಣೆಗಳ ಅರಮನೆ ಎಂದು ಕೇಳಿ ಬೆಳಿಗ್ಗೆಯೇ ಹೊರಟೆವು. ಮಾಂತೆನ್ಯಾ ಚಿತ್ರ ಬರೆದ ಪ್ರಸಿದ್ಧ ಕೋಣೆಯಲ್ಲಿ ಕೆಲವೇ ನಿಮಿಷ ನಿಲ್ಲಲು ಬಿಡುತ್ತಾರೆ, ಅದಕ್ಕೆ ಮೊದಲೇ ಸಮಯ ಕಾದಿರಿಸಿರಬೇಕು. ನನ್ನ ಮನಸ್ಸು ಮಾತ್ರ ಇನ್ನೊಂದು ಕೋಣೆಯಲ್ಲಿ ನಿಂತುಬಿಟ್ಟಿತು. ಅದರ ಮರದ ಚಾವಣಿಯ ತುಂಬ ಚಕ್ರವ್ಯೂಹದಂತಹ ಒಂದು ಸುತ್ತುದಾರಿಯನ್ನು ಕೆತ್ತಿ ಬಣ್ಣ ಹಾಕಿದ್ದಾರೆ. ದಾರಿಯುದ್ದಕ್ಕೂ ‘ಆಗಬಹುದು, ಆಗದಿರಬಹುದು’ ಎಂಬ ಅರ್ಥದ ಮಾತು ಮತ್ತೆ ಮತ್ತೆ ಬರುತ್ತದೆ. ಆ ಚಾವಣಿಯ ಅಂಚಿನ ಬರಹದಲ್ಲಿ ಡ್ಯೂಕ್ ವಿನ್ಚೆಂಜೊ ತುರುಕರ ಮೇಲೆ ಮಾಡಿದ ಯುದ್ಧದ ಪ್ರಸ್ತಾಪವಿದೆ. ಗ್ರೀಕರ ಕಥೆಯಲ್ಲಿ ಸುತ್ತುಮನೆಯೊಳಗೆ ಹೋದ ವೀರ ತೆಸೆಯೊನಿಗೆ ದಾರದ ಉಂಡೆ ಕೊಟ್ಟು ಉಳಿಸಿ, ಕೊನೆಗೆ ಅವನಿಂದಲೇ ದ್ವೀಪದಲ್ಲಿ ಕೈಬಿಡಲ್ಪಟ್ಟವಳು ಅರಿಯಾನ್ನಾ. ರಿನುಚ್ಚೀನಿ ಈ ಊರಿಗಾಗಿ ಆರಿಸಿದ ಕಥೆ ಅವಳದು. ಚಾವಣಿಗೂ ಆಟಕ್ಕೂ ನಂಟು ಇತ್ತೆಂದು ನಾನು ಹೇಳುತ್ತಿಲ್ಲ. ಆದರೆ ಆ ಕೋಣೆಯಲ್ಲಿ ತಲೆಯೆತ್ತಿ ನಿಂತವನಿಗೆ ಅವಳ ನೆನಪಾಗದೆ ಇರದು.

ಮದುವೆಮನೆಗೆ ತೊರೆದುಹೋದ ಹೆಣ್ಣಿನ ಕಥೆ! ಓದಿ ನೋಡಿದ ಡಚೆಸ್ ಎಲಿಯೊನೊರಾ ಇದು ಬಹಳ ಒಣಕಲಾಗಿದೆ, ಇನ್ನಷ್ಟು ಕಳೆಗಟ್ಟಿಸಬೇಕು ಎಂದಳಂತೆ, ರಿನುಚ್ಚೀನಿ ದೃಶ್ಯಗಳನ್ನು ಸೇರಿಸಿದ. ಪಠ್ಯ 1,100 ಸಾಲು ದಾಟಿತು. ಆಮೇಲೆ ದೊಡ್ಡ ಆಘಾತ ಬಂತು. ಅರಿಯಾನ್ನಾಳ ಪಾತ್ರ ಹಾಡಬೇಕಿದ್ದ ಕಾತೆರೀನಾ ಮಾರ್ತಿನೆಲ್ಲಿ, ಮೊಂತೆವೆರ್ದಿಯ ಮನೆಯಲ್ಲೇ ಇದ್ದು ಕಲಿತ ಹದಿನೆಂಟರ ಹುಡುಗಿ, 1608ರ ಮಾರ್ಚಿನಲ್ಲಿ ಸಿಡುಬಿನಿಂದ ಸತ್ತಳು. ಕೊನೆಗೆ ಊರೂರು ತಿರುಗುವ ನಾಟಕ ಕಂಪನಿಯ ನಟಿ ವಿರ್ಜೀನಿಯಾ ಆಂದ್ರೆಯೀನಿ ಕೆಲವೇ ದಿನಗಳಲ್ಲಿ ಪಾತ್ರವನ್ನು ಬಾಯಿಪಾಠ ಮಾಡಿ ನಿಂತಳು. ಮೇ 28ರಂದು ಆಟ. ಅವಳ ಪ್ರಲಾಪ ಕೇಳಿ ಅಳದ ಹೆಂಗಸೇ ಸಭೆಯಲ್ಲಿರಲಿಲ್ಲ ಎಂಬ ಅರ್ಥದಲ್ಲಿ ಆಸ್ಥಾನದ ವರದಿಗಾರ ಫೊಲ್ಲೀನೊ ಬರೆದಿಟ್ಟಿದ್ದಾನೆ.

ಈ ಒಪೆರಾದ ಸಂಗೀತವೂ ಕಳೆದುಹೋಗಿದೆ. ಉಳಿದದ್ದು ಆ ಪ್ರಲಾಪ ಒಂದೇ, ಜೊತೆಗೆ ಅಚ್ಚಾದ ಪಠ್ಯ. ಅರಮನೆಯ ಒಳ ಅಂಗಳದ ಕಟ್ಟೆಯ ಮೇಲೆ ಕುಳಿತು ಅದನ್ನು ನಿಧಾನವಾಗಿ ಓದಿದೆವು. ‘ಲಾಷಾತೆಮಿ ಮೊರೀರೆ’, ನನ್ನನ್ನು ಸಾಯಲು ಬಿಡಿ, ಎಂದು ಶುರುವಾಗುತ್ತದೆ. ಆಮೇಲೆ ‘ಓ ನನ್ನ ತೆಸೆಯೊ’ ಎಂದು ಕರೆಯುತ್ತಾಳೆ, ಹಿಂದಿರುಗೆಂದು ಬೇಡುತ್ತಾಳೆ, ಅಪ್ಪನ ಮನೆ ಬಿಟ್ಟು ಬಂದದ್ದನ್ನು ನೆನೆಯುತ್ತಾಳೆ, ಕೊನೆಗೆ ಸಿಟ್ಟು ಉಕ್ಕಿ ಬಿರುಗಾಳಿ ಅವನ ಹಡಗನ್ನು ಮುಳುಗಿಸಲಿ, ಸಮುದ್ರದ ಮೃಗಗಳು ಅವನನ್ನು ತಿನ್ನಲಿ ಎಂದು ಶಪಿಸುತ್ತಾಳೆ. ಅದೇ ಉಸಿರಿನಲ್ಲಿ ಹಿಂಜರಿದು, ಅಯ್ಯೋ, ಇದನ್ನು ಹೇಳಿದ್ದು ನಾನಲ್ಲ, ನನ್ನ ಸಂಕಟ ಆಡಿತು, ನಾಲಿಗೆ ಆಡಿತು, ಹೃದಯವಲ್ಲ ಎನ್ನುತ್ತಾಳೆ. ಈ ತಿರುವೇ ನನ್ನ ಪ್ರಕಾರ ರಿನುಚ್ಚೀನಿಯ ಬರಹದ ಶಿಖರ. ಶಾಪಕ್ಕೆ ಏರಿದ ದನಿ ಕ್ಷಮೆಗೆ ಇಳಿಯುವ ಆ ಎರಡು ಮೂರು ಸಾಲುಗಳನ್ನು ಕೊಟ್ಟರೆ ಸಂಗೀತಗಾರನಿಗೆ ಮಾಡಲು ಉಳಿಯುವುದು ಅದಕ್ಕೆ ನಿಷ್ಠನಾಗಿರುವುದು; ಮೊಂತೆವೆರ್ದಿ ಅದನ್ನು ಪೂರ್ಣ ಮನಸ್ಸಿನಿಂದ ಮಾಡಿದ. ಕಾಲಾವಕಾಶ ಸಾಲದೆ ‘ಅರಿಯಾನ್ನಾ’ ಬರೆಯುವಾಗ ಸಾವಿನ ಹತ್ತಿರ ಹೋಗಿದ್ದೆನೆಂದು ಅವನು ವರ್ಷಗಳ ಮೇಲೆ ಪತ್ರದಲ್ಲಿ ನೆನೆದಿದ್ದಾನೆ.

ಅದೇ 1608ರಲ್ಲಿ ‘ದಾಫ್ನೆ’ ಮಾಂತೊವಾದಲ್ಲಿ ಮತ್ತೆ ಆಡಿತು, ಈ ಸಲ ಮಾರ್ಕೊ ದಾ ಗಾಲ್ಯಾನೊನ ಸಂಗೀತದಲ್ಲಿ, ಪಠ್ಯವನ್ನು ರಿನುಚ್ಚೀನಿ ತಿದ್ದಿ ಬೆಳೆಸಿದ್ದ. ಗಾಲ್ಯಾನೊ ಮುನ್ನುಡಿಯಲ್ಲಿ ಬರೆದಿಟ್ಟ ರಂಗಸೂಚನೆಗಳನ್ನು ಓದಿದರೆ ಆಟ ಕಣ್ಣ ಮುಂದೆ ಬರುತ್ತದೆ: ಅಪೊಲೊ ತನ್ನ ವಾದ್ಯಕ್ಕೆ ಕಮಾನು ತಾಗಿಸಿದಂತೆ ನಟಿಸುವಾಗ ಪಕ್ಕದ ತೆರೆಯ ಮರೆಯಲ್ಲಿ ನಾಲ್ವರು ವಿಯೋಲ ನುಡಿಸಬೇಕು, ಸರ್ಪದೊಡನೆ ಕಾದುವುದಕ್ಕೆ ಅವನಂತೆಯೇ ಉಡುಪು ತೊಟ್ಟ ಇನ್ನೊಬ್ಬನಿರಬೇಕು, ಏಕೆಂದರೆ ಕಾದಿ ದಣಿದವನಿಗೆ ಹಾಡಲು ಉಸಿರಿರುವುದಿಲ್ಲ.

ಸಂಜೆ ಊರಿನ ಮೇಲ್ಗಡೆಯ ಸರೋವರದ ದಂಡೆಗೆ ಹೋದೆವು. ಮಿಂಚೊ ನದಿಯನ್ನು ತಡೆದು ಮಾಡಿದ ಮೂರು ಸರೋವರಗಳು ಮಾಂತೊವಾವನ್ನು ಬಳಸಿವೆ. ಸುಮಾರು ನೂರು ವರ್ಷದ ಹಿಂದೆ ಏಷ್ಯಾದಿಂದ ತಂದು ನೆಟ್ಟ ತಾವರೆ ಅಲ್ಲಿ ಎಕರೆಗಟ್ಟಲೆ ಹಬ್ಬಿದೆ. ಹೂವಿನ ಕಾಲ ಜುಲೈ, ಆಗಸ್ಟ್. ನಮಗೆ ಕಂಡದ್ದು ಒಣಗಿ ಬಾಗಿದ ಎಲೆಗಳೂ ಕಾಯಿಗಳೂ. ತಂಗಿ ಒಂದು ಕಾಯಿ ಬಿಡಿಸಿ ಬೀಜ ಬಾಯಿಗೆ ಹಾಕಿಕೊಂಡದ್ದನ್ನು ಕಂಡು ಗಾಳ ಹಾಕಿ ಕುಳಿತಿದ್ದವನೊಬ್ಬ ಗಾಬರಿಯಿಂದ ಎದ್ದು ಬಂದ. ನಮ್ಮಲ್ಲಿ ತಿನ್ನುತ್ತೇವೆಂದು ವಿವರಿಸಿದ ಮೇಲೆ ತಾನೂ ಒಂದು ತಿಂದು ನೋಡಿದ.

ವೆನಿಸ್

ವೆರೋನಾದಲ್ಲಿ ರೈಲು ಬದಲಿಸಿ ವೆನಿಸ್ ಸೇರಿದಾಗ ಸುರಿಯುವ ಮಳೆ. ಸೇತುವೆಯ ಬುಡದಲ್ಲಿ ಕೊಡೆ ಮಾರುತ್ತಿದ್ದ ಬಾಂಗ್ಲಾದೇಶದ ಯುವಕ ನಮ್ಮ ಮುಖ ನೋಡಿ ಹಿಂದಿಯಲ್ಲಿ ಮಾತಾಡಿಸಿದ, ದೊಡ್ಡ ಕಾಲುವೆಯ ದೋಣಿಗಿಂತ ನಡೆದೇ ಬೇಗ ಹೋಗುತ್ತೀರೆಂದು ಓಣಿಗಳ ಗುರುತು ಹೇಳಿದ. ಅವನು ಹೇಳಿದ್ದು ಸರಿಯಾಗಿತ್ತು.

ರಿನುಚ್ಚೀನಿ ವೆನಿಸಿನ ಕವಿಯಲ್ಲ. ಆದರೂ ಅವನ ಕಥೆ ಇಲ್ಲಿಗೆ ಬಾರದೆ ಮುಗಿಯದು. 1637ರಲ್ಲಿ ಸಾನ್ ಕಸ್ಸಿಯಾನೊ ರಂಗಮಂದಿರದಲ್ಲಿ ದುಡ್ಡು ಕೊಟ್ಟವರೆಲ್ಲ ಒಪೆರಾ ನೋಡಬಹುದಾಯಿತು. ಬಳಿಕ 1640ರ ಕಾರ್ನಿವಲ್ಲಿನಲ್ಲಿ ಸಾನ್ ಮೊಯಿಸೆ ರಂಗಮಂದಿರ ಒಪೆರಾಕ್ಕೆ ತೆರೆದುಕೊಂಡಾಗ ಅಲ್ಲಿ ಆಡಿದ್ದು ‘ಅರಿಯಾನ್ನಾ’. ಕವಿ ಸತ್ತು ಹತ್ತೊಂಬತ್ತು ವರ್ಷವಾಗಿತ್ತು, ಎಪ್ಪತ್ತು ದಾಟಿದ ಮೊಂತೆವೆರ್ದಿ ಇದೇ ಊರಿನ ಸಾನ್ ಮಾರ್ಕೊದಲ್ಲಿ ಸಂಗೀತದ ಹಿರಿಯನಾಗಿದ್ದ. ರಾಜಕುಮಾರಿಯ ಮದುವೆಗೆ ಬರೆದ ಸಾಲುಗಳನ್ನು ಈಗ ವ್ಯಾಪಾರಿಗಳೂ ಪ್ರವಾಸಿಗಳೂ ಪುಸ್ತಕ ಕೊಂಡು, ಸಣ್ಣ ಮೇಣದ ಬತ್ತಿಯ ಬೆಳಕಿನಲ್ಲಿ ಓದಿಕೊಳ್ಳುತ್ತಾ ಕೇಳಿದರು. ಆ ಕಾಲದ ಇಂತಹ ಪುಸ್ತಕಗಳ ಪುಟಗಳಲ್ಲಿ ಮೇಣದ ಹನಿಗಳ ಕಲೆ ಇಂದಿಗೂ ಕಾಣಸಿಗುತ್ತದೆ. ರಂಗಮಂದಿರ ಉಳಿದಿಲ್ಲ. ಸಾನ್ ಮೊಯಿಸೆ ಇಗರ್ಜಿಯ ಬಳಿ ಅದರ ಹೆಸರು ಹೊತ್ತ ಓಣಿಯಿದೆ, ಅಲ್ಲಿ ನಮ್ಮ ಬೂಟಿನೊಳಗೆಲ್ಲ ನೀರು ತುಂಬಿತು.

ರಿನುಚ್ಚೀನಿಯ ಕೆಲಸವೆಲ್ಲ ಗೆದ್ದಿತೆಂದೇನೂ ಅಲ್ಲ. ಅವನು ಬರೆದ ‘ನಾರ್ಚೀಸೊ’ಕ್ಕೆ ರಾಗ ಹಾಕುವ ಮಾತು 1627ರಲ್ಲಿ ಬಂದಾಗ ಮೊಂತೆವೆರ್ದಿ ಸ್ತ್ರಿಜ್ಜೊನಿಗೆ ಬರೆದ ಪತ್ರ ಉಳಿದಿದೆ: ಅಪ್ಸರೆಯರಿಗೆಲ್ಲ ಒಂದೇ ಬಗೆಯ ಹೆಣ್ಣುದನಿ, ಕುರುಬರಿಗೆಲ್ಲ ಒಂದೇ ಬಗೆಯ ಗಂಡುದನಿ, ವೈವಿಧ್ಯವಿಲ್ಲ, ಮೇಲಾಗಿ ಕೊನೆ ದುಃಖದ್ದು ಎಂದು. ಕವಿತೆಯಾಗಿ ಅದು ಚೆಂದವಿರಬಹುದು. ಯಾರು ಯಾವ ದನಿಯಲ್ಲಿ ಹಾಡಬೇಕೆಂದು ಎಣಿಸದ ಪಠ್ಯ ರಂಗಕ್ಕೆ ಬರುವುದಿಲ್ಲ. ಆದರೆ ಅದೇ 1627ರಲ್ಲಿ ರಿನುಚ್ಚೀನಿಯ ‘ದಾಫ್ನೆ’ ಮಾರ್ಟಿನ್ ಓಪಿಟ್ಸ್ ಮಾಡಿದ ಜರ್ಮನ್ ರೂಪದಲ್ಲಿ, ಹೈನ್ರಿಕ್ ಶ್ಯೂಟ್ಸನ ಸಂಗೀತದೊಂದಿಗೆ ಟೋರ್ಗಾವ್ ಎಂಬಲ್ಲಿ ನಡೆಯಿತು. ಆ ಸಂಗೀತವೂ ಕಳೆದುಹೋಗಿದೆ, ಪಠ್ಯ ಇದೆ.

ಕೊನೆಯ ಸಂಜೆ ಒಂದು ಸಣ್ಣ ಇಗರ್ಜಿಯಲ್ಲಿ ಕಚೇರಿಯಿತ್ತು. ‘ಅಪ್ಸರೆಯ ಪ್ರಲಾಪ’ ಹಾಡುವರೆಂದು ತಿಳಿದು ಹೋದೆವು. ಅದರ ಮಾತೂ ರಿನುಚ್ಚೀನಿಯದೇ, ಕಚೇರಿಯ ಹಾಳೆಯಲ್ಲಿ ಮಾತ್ರ ಮೊಂತೆವೆರ್ದಿಯ ಹೆಸರೊಂದೇ ಇತ್ತು. ಮೂಲದಲ್ಲಿ ಪ್ರತಿ ನುಡಿಯ ಕೊನೆಗೂ ‘ಪಾಪ, ಇನ್ನು ತಾಳಲಾರಳು’ ಎಂಬ ಪಲ್ಲವಿ ಬರುವ ಸರಳ ಹಾಡು ಅದು. ಮೊಂತೆವೆರ್ದಿ 1638ರಲ್ಲಿ ಅಚ್ಚು ಹಾಕಿಸಿದ ರೂಪದಲ್ಲಿ ಆ ಪಲ್ಲವಿಯನ್ನು ಒಡೆದು, ಅವಳ ಅಳಲಿನ ನಡುನಡುವೆ ಮೂವರು ಗಂಡಸರ ಬಾಯಲ್ಲಿ ಹರಡಿದ್ದಾನೆ. ಕೆಳಗೆ ನಾಲ್ಕು ಸ್ವರ ಇಳಿಯುತ್ತಾ ಮತ್ತೆ ಮತ್ತೆ ಬರುತ್ತದೆ. ಮುಗಿದ ಮೇಲೆ ತಂಗಿ ಗಾಯಕಿಯ ಬಳಿ ಹೋಗಿ, ನೀವು ಇದನ್ನು ಹೇಗೆ ಅಭ್ಯಾಸ ಮಾಡುತ್ತೀರೆಂದು ಕೇಳಿದಳು. ಆಕೆ ತಕ್ಷಣ, ‘ಮೊದಲು ಹಾಡುವುದೇ ಇಲ್ಲ. ಗುರುಗಳು ಪದ್ಯವನ್ನು ಜೋರಾಗಿ ಓದಿಸುತ್ತಾರೆ, ನಾಟಕದ ಮಾತಿನಂತೆ, ಅದು ಬಾಯಿಗೆ ಕೂತ ಮೇಲೆಯೇ ಸ್ವರ’ ಎಂದು ಅಲ್ಲೇ ಮೊದಲ ನುಡಿ ಓದಿ ತೋರಿಸಿದಳು. ತಂಗಿ ಬೆರಳು ಮಡಿಸುತ್ತಾ ಏಳು ಅಕ್ಷರ ಎಣಿಸಿದಳು. ಮಾತು ಮುಗಿಯುವ ಹೊತ್ತಿಗೆ ಗಾಯಕಿ ನಮ್ಮ ಹಾಳೆಯ ಮೇಲೆ ಮೊಂತೆವೆರ್ದಿಯ ಹೆಸರಿನ ಪಕ್ಕದಲ್ಲಿ ಪೆನ್ನಿನಿಂದ ಒತ್ತಾವಿಯೊ ರಿನುಚ್ಚೀನಿ ಎಂದು ಬರೆದು, ‘ಅರಿಯಾನ್ನಾ’ದ ಪಠ್ಯವನ್ನೂ ಹೀಗೆಯೇ ಓದಿ ಎಂದಳು. ಊರಿಗೆ ಬಂದ ಮೇಲೆ ತಂಗಿ ಇಟಾಲಿಯನ್ ಪಾಠಕ್ಕೆ ಸೇರಿದ್ದಾಳೆ. ಅರಿಯಾನ್ನಾಳ ಶಾಪದ ಭಾಗದವರೆಗೆ ಬಂದಿದ್ದಾಳೆ.